ಕೀಟೋ ಆಹಾರ ಮತ್ತು ಉಪವಾಸ: ಎರಡನ್ನೂ ಒಟ್ಟಿಗೆ ಮಾಡಬಹುದೇ?

ಮದುವೆ ಊಟದಲ್ಲಿ ಬಿರಿಯಾನಿಯ ಮಾಂಸವನ್ನಷ್ಟೇ ತಿಂದು ಅನ್ನವನ್ನು ಬದಿಗೆ ಸರಿಸುವವರನ್ನು ನೀವು ನೋಡಿರಬಹುದು. ಕೇಳಿದರೆ, ‘ಕೀಟೋ ಮಾಡ್ತಾ ಇದ್ದೇನೆ’ ಎನ್ನುತ್ತಾರೆ. (ಅನ್ನ ಪೋಲು ಮಾಡಬೇಕೆಂದು ಯಾವ ಪಥ್ಯವೂ ಹೇಳುವುದಿಲ್ಲ. ಬೇಡವಾದರೆ ಬಡಿಸುವಾಗಲೇ ಹೇಳಿಬಿಡಿ.) ಇವರಲ್ಲಿ ಕೆಲವರು ದಿನಕ್ಕೆ 16 ಗಂಟೆ ಏನೂ ತಿನ್ನದೆ, ಉಳಿದ 8 ಗಂಟೆಯೊಳಗೆ ಊಟ ಮುಗಿಸುವ ಕ್ರಮವನ್ನೂ ಅದರ ಜೊತೆಗೆ ಸೇರಿಸಿಕೊಳ್ಳುತ್ತಾರೆ. ಸೋಮವಾರ ಮತ್ತು ಗುರುವಾರದ ಸುನ್ನತ್ ಉಪವಾಸ ಹಿಡಿಯುವವರಿಗೆ, ‘ನಾನು ಹೇಗೂ ಉಪವಾಸವಿರುತ್ತೇನೆ, ಕೀಟೋ ಕೂಡ ಸೇರಿಸಿದರೆ ತೂಕ ಬೇಗ ಇಳಿಯುತ್ತದಲ್ಲ’ ಎಂದು ಅನಿಸುವುದು ಸಹಜ.

ಕೀಟೋ ಹುಟ್ಟಿದ್ದು ತೂಕ ಇಳಿಸಲಿಕ್ಕಲ್ಲ. ಉಪವಾಸವಿದ್ದಾಗ ಅಪಸ್ಮಾರದ ರೋಗಿಗಳಿಗೆ ಫಿಟ್ಸ್ ಕಡಿಮೆಯಾಗುವುದನ್ನು ವೈದ್ಯರು ಹಿಂದೆಯೇ ಗಮನಿಸಿದ್ದರು. ಹಾಗೆಂದು ರೋಗಿಯನ್ನು ಎಷ್ಟು ದಿನ ಉಪವಾಸವಿಡಲು ಸಾಧ್ಯ? 1921ರಲ್ಲಿ ಅಮೆರಿಕದ ಮೇಯೋ ಕ್ಲಿನಿಕ್‌ನ ಡಾ. ರಸೆಲ್ ವೈಲ್ಡರ್, ಊಟ ಮಾಡುತ್ತಲೇ ದೇಹವನ್ನು ಉಪವಾಸದ ಸ್ಥಿತಿಯಲ್ಲಿಡುವ ಈ ಪಥ್ಯವನ್ನು ಸೂಚಿಸಿದರು. ಅಂದರೆ ಕೀಟೋ ಎಂಬುದೇ ಒಂದು ಬಗೆಯಲ್ಲಿ ಉಪವಾಸದ ನಕಲು.

ಇದರಲ್ಲಿ ದಿನದ ಶರ್ಕರಪಿಷ್ಟ ಸುಮಾರು 20ರಿಂದ 50 ಗ್ರಾಂ ಮೀರಬಾರದು. ನಮ್ಮ ಅಡುಗೆಯ ಲೆಕ್ಕದಲ್ಲಿ ನೋಡಿ: 100 ಗ್ರಾಂ ಅನ್ನದಲ್ಲೇ ಸುಮಾರು 28 ಗ್ರಾಂ ಇದೆ. ಒಂದು ಚಪಾತಿಯಲ್ಲಿ 15ರಿಂದ 20 ಗ್ರಾಂ. ದೊಡ್ಡ ಮೆಡ್ಜೂಲ್ ಖರ್ಜೂರ ಒಂದರಲ್ಲೇ 18 ಗ್ರಾಂನಷ್ಟು. ಮೂರು ಖರ್ಜೂರ, ಒಂದು ಲೋಟ ಶರಬತ್ತು ಮತ್ತು ಎರಡು ಸಮೋಸ ಆದ ಮೇಲೆ ರಾತ್ರಿ ಊಟಕ್ಕೆ ಅನ್ನ ಬಿಟ್ಟರೂ ಅದು ಕೀಟೋ ಅಲ್ಲ. ಬೇಗ ಕರಗುವ ಸಕ್ಕರೆಯ ಜೊತೆ ಕರಿದ ಎಣ್ಣೆಯೂ ಹೊಟ್ಟೆ ಸೇರಿತು, ಅಷ್ಟೆ.

ಶರ್ಕರಪಿಷ್ಟ ಸಿಗದಿದ್ದಾಗ ದೇಹವು ಯಕೃತ್ತಿನಲ್ಲಿರುವ ಗ್ಲೈಕೋಜನ್ ದಾಸ್ತಾನನ್ನು ಖರ್ಚು ಮಾಡುತ್ತದೆ. ಅದು ಮುಗಿಯುತ್ತಾ ಬಂದಂತೆ ಕೊಬ್ಬು ಕರಗಿಸಿ ಕೀಟೋನ್‌ಗಳನ್ನು ತಯಾರಿಸುತ್ತದೆ. ಒಂದು ಗ್ರಾಂ ಗ್ಲೈಕೋಜನ್ ಸುಮಾರು 3 ಗ್ರಾಂ ನೀರನ್ನು ಹಿಡಿದಿಟ್ಟುಕೊಂಡಿರುತ್ತದೆ. ದಾಸ್ತಾನು ಕರಗಿದಾಗ ಈ ನೀರೂ ಮೂತ್ರದಲ್ಲಿ ಹೋಗುತ್ತದೆ, ಜೊತೆಗೆ ಉಪ್ಪಿನಂಶವೂ. ಮೊದಲ ವಾರ ಎರಡು ಮೂರು ಕಿಲೋ ಇಳಿದಾಗ ಹಿಗ್ಗುವವರು ಇದನ್ನು ನೆನಪಿಡಬೇಕು. ಅದರಲ್ಲಿ ಹೆಚ್ಚಿನ ಪಾಲು ನೀರು.

16 ಗಂಟೆಯ ಉಪವಾಸ ಮಾಡುವವರು ನಡುವೆ ನೀರು ಕುಡಿಯುತ್ತಾರೆ, ಸಕ್ಕರೆ ಹಾಕದ ಕಾಫಿಯನ್ನೂ ಕುಡಿಯುತ್ತಾರೆ. ನಮ್ಮ ಉಪವಾಸದಲ್ಲಿ ಹನಿ ನೀರೂ ಇಲ್ಲ. ಕರ್ನಾಟಕದಲ್ಲಿ ಸುಮಾರು 13–14 ಗಂಟೆ. ನೀರನ್ನು ಹೊರಹಾಕುವ ಪಥ್ಯಕ್ಕೆ ನೀರಿಲ್ಲದ ಉಪವಾಸ, ಮೇಲೆ ಮಾರ್ಚ್ ತಿಂಗಳ ಬಿಸಿಲು ಸೇರಿದರೆ ತಲೆನೋವು, ತಲೆಸುತ್ತು, ಕಾಲಿನ ಸೆಳೆತ, ಮಲಬದ್ಧತೆ ಬರುವುದರಲ್ಲಿ ಆಶ್ಚರ್ಯವಿಲ್ಲ. ಆದ್ದರಿಂದ ಕೀಟೋವನ್ನು ರಮಝಾನ್‌ನ ಮೊದಲ ದಿನ ಆರಂಭಿಸಬೇಡಿ. ದೇಹ ಹೊಂದಿಕೊಳ್ಳಲು ಕೆಲವು ವಾರಗಳು ಬೇಕು. ಮೊದಲೇ ರೂಢಿಯಿರುವ ಆರೋಗ್ಯವಂತರು ಸಹರಿಗೆ ಮೊಟ್ಟೆ, ಮೊಸರು, ಸೌತೆಕಾಯಿ, ಸೊಪ್ಪಿನ ಪಲ್ಯ ತಿನ್ನಬಹುದು. ಇಫ್ತಾರ್‌ಗೆ ಒಂದು ಸಣ್ಣ ಖರ್ಜೂರ ಮತ್ತು ನೀರು, ಆಮೇಲೆ ಉಪ್ಪು ಹಾಕಿದ ಕೋಳಿ ಸೂಪ್, ಮೀನು, ತರಕಾರಿ. ತರಾವೀಹ್ ಮುಗಿಸಿ ಮಲಗುವ ತನಕ ಆಗಾಗ ನೀರು ಕುಡಿಯುತ್ತಿರಿ. ಸಹರಿಯ ಕೊನೇ ನಿಮಿಷದಲ್ಲಿ ಒಂದು ಲೀಟರ್ ನೀರು ಕುಡಿದರೆ ಪ್ರಯೋಜನ ಕಡಿಮೆ.

ಸಕ್ಕರೆ ಕಾಯಿಲೆಯವರ ವಿಷಯ ಬೇರೆಯೇ. ಗ್ಲಿಮೆಪಿರೈಡ್, ಗ್ಲಿಕ್ಲಜೈಡ್‌ನಂತಹ ಮಾತ್ರೆಗಳು ಮತ್ತು ಇನ್ಸುಲಿನ್, ಊಟವಿರಲಿ ಬಿಡಲಿ, ಸಕ್ಕರೆಯನ್ನು ಇಳಿಸುತ್ತವೆ. ಅನ್ನ ಬಿಟ್ಟು, ಉಪವಾಸವೂ ಇದ್ದು, ಹಳೆಯ ಪ್ರಮಾಣದಲ್ಲೇ ಔಷಧ ತೆಗೆದುಕೊಂಡರೆ ಸಕ್ಕರೆ ಅಪಾಯದ ಮಟ್ಟಕ್ಕೆ ಕುಸಿಯಬಹುದು. ಡಾಪಾಗ್ಲಿಫ್ಲೋಜಿನ್, ಎಂಪಾಗ್ಲಿಫ್ಲೋಜಿನ್ ಎಂಬ ಮಾತ್ರೆಗಳದ್ದು ಇನ್ನೊಂದು ತೊಂದರೆ. ಇವುಗಳ ಜೊತೆ ಕೀಟೋ ಮಾಡಿದರೆ ರಕ್ತದಲ್ಲಿ ಕೀಟೋನ್ ಮಿತಿಮೀರಿ ರಕ್ತ ಆಮ್ಲೀಯವಾಗಬಹುದು. ಆಗಲೂ ಮನೆಯ ಗ್ಲೂಕೋಮೀಟರ್ ಹೆಚ್ಚಿನ ಸಕ್ಕರೆ ತೋರಿಸದೇ ಇರಬಹುದು. ವಾಂತಿ, ಹೊಟ್ಟೆನೋವು, ಏದುಸಿರು ಕಾಣಿಸಿದರೆ ‘ಉಪವಾಸದ ಆಯಾಸ’ ಎಂದು ಮಲಗಿಸಬೇಡಿ. ತಕ್ಷಣ ಆಸ್ಪತ್ರೆಗೆ ಕರೆದೊಯ್ದು, ಮಾತ್ರೆಯ ಹೆಸರು ಹೇಳಿ ಕೀಟೋನ್ ಪರೀಕ್ಷೆ ಮಾಡಿಸಿ.

ಗರ್ಭಿಣಿಯರು, ಮೊಲೆಯುಣಿಸುವ ತಾಯಂದಿರು, ಮೂತ್ರಪಿಂಡದ ಕಾಯಿಲೆಯವರು, ಮೂತ್ರಪಿಂಡದಲ್ಲಿ ಕಲ್ಲು ಬಂದಿದ್ದವರು, ಟೈಪ್ 1 ಮಧುಮೇಹಿಗಳು ತಾವಾಗಿಯೇ ಈ ಪ್ರಯೋಗಕ್ಕೆ ಇಳಿಯಬಾರದು. ಕೆಲವರಲ್ಲಿ ಕೆಟ್ಟ ಕೊಲೆಸ್ಟ್ರಾಲ್ ಕೂಡ ಏರುತ್ತದೆ. ಇಷ್ಟೆಲ್ಲ ಕಷ್ಟಪಟ್ಟರೂ ವರ್ಷದ ಕೊನೆಗೆ ಕೀಟೋದವರ ತೂಕಕ್ಕೂ ಬೇರೆ ಪಥ್ಯದವರ ತೂಕಕ್ಕೂ ಹೆಚ್ಚಿನ ವ್ಯತ್ಯಾಸ ಉಳಿಯುವುದಿಲ್ಲ. ನನ್ನನ್ನು ಕೇಳಿದರೆ, ಹೆಚ್ಚಿನವರಿಗೆ ಅನ್ನವನ್ನು ಅರ್ಧಕ್ಕಿಳಿಸಿ, ಶರಬತ್ತು ಮತ್ತು ಕರಿದ ತಿಂಡಿ ಬಿಟ್ಟು, ಹೊಟ್ಟೆಯ ಮೂರನೇ ಒಂದು ಭಾಗವನ್ನಷ್ಟೇ ಆಹಾರಕ್ಕಿಡುವ ಪ್ರವಾದಿ(ಸ)ರ ಬೋಧನೆ ಪಾಲಿಸುವುದೇ ಸುಲಭ.

ಮಧುಮೇಹವಿದ್ದರೆ ರಮಝಾನ್‌ಗೆ ಆರೆಂಟು ವಾರ ಮೊದಲೇ ವೈದ್ಯರನ್ನು ಕಾಣಿ. ಮಾತ್ರೆಯ ಚೀಟಿಯ ಜೊತೆಗೆ, ಏನು ತಿನ್ನುತ್ತಿದ್ದೀರಿ ಎಂಬುದನ್ನೂ ಹೇಳಿ. ಬೆರಳು ಚುಚ್ಚಿ ಸಕ್ಕರೆ ನೋಡಿದರೆ ಉಪವಾಸ ಮುರಿಯುವುದಿಲ್ಲ ಎಂಬುದು ವಿದ್ವಾಂಸರ ಸಾಮಾನ್ಯ ಅಭಿಪ್ರಾಯ. ಸಕ್ಕರೆ 70ಕ್ಕಿಂತ ಕೆಳಗಿಳಿದರೆ ಅಥವಾ 300 ದಾಟಿದರೆ, ಮಗ್ರಿಬ್‌ಗೆ ಹತ್ತೇ ನಿಮಿಷವಿದ್ದರೂ ಉಪವಾಸ ತೊರೆಯಬೇಕು. ರೋಗಿಗಳಿಗೆ ಅಲ್ ಬಕರ ಅಧ್ಯಾಯದಲ್ಲೇ (184, 185) ರಿಯಾಯಿತಿ ಇದೆ.