ಗೋಡೆಗೆ ಹಲಗೆ, ಹಲಗೆಗೆ ಅಂಟು

ಜತ್ತ ಸೀಮೆಯಲ್ಲಿ ದಾಳಿಂಬೆ, ದ್ರಾಕ್ಷಿಯ ಹಣ ಕೈಗೆ ಬಂದ ವರ್ಷ ಪಡಸಾಲೆಯ ಗೋಡೆಗೆ ಮರದ ಹಲಗೆ ಹೊದಿಸುವ ಬಯಕೆ ಹುಟ್ಟುವುದು ಸಹಜ. ಮೊಳೆಯ ಗೊಡವೆ ಬೇಡ, ಅಂಟಿನಿಂದಲೇ ಕೂಡಿಸೋಣ ಎನ್ನುವವರೂ ಉಂಟು. ಆ ಮಾತು ಎಲ್ಲಿ ಸರಿ, ಎಲ್ಲಿ ಅಪಾಯ ಎಂಬುದನ್ನು ವಾಚಕರ ಮುಂದಿಡಬಯಸುತ್ತೇವೆ.

ಹಿಂದೆ ನಮ್ಮ ಬಡಿಗರು ಚರ್ಮ, ಎಲುಬುಗಳನ್ನು ಕುದಿಸಿ ತೆಗೆದ ಮರವಜ್ರವನ್ನು ಕಾಸಿ ಬಳಸುತ್ತಿದ್ದರು. 1959ರಲ್ಲಿ ಫೆವಿಕಾಲ್ ಪೇಟೆಗೆ ಬಂದ ಮೇಲೆ ಆ ಒಲೆ, ಆ ವಾಸನೆ ಮೆಲ್ಲನೆ ಮರೆಯಾದವು. ಈ ಬಿಳಿಯ ಅಂಟಿನೊಳಗಿನ ನೀರನ್ನು ಮರವೂ ಗೋಡೆಯೂ ಹೀರಿಕೊಂಡ ಮೇಲೆಯೇ ಅದು ಬಿಗಿಯುತ್ತದೆ. ಅಲ್ಲಿಯವರೆಗೆ ಹಲಗೆಗೆ ಆನಿಕೆ ಕೊಟ್ಟು ಒತ್ತಿ ಹಿಡಿದಿರಬೇಕು. ರಬ್ಬರಿನ ಅಂಟಿನ ರೀತಿ ಬೇರೆ. ಎರಡೂ ಮೈಗೆ ಸವರಿ, ಬೆರಳಿಗೆ ಹತ್ತದಷ್ಟು ಆರಿದ ಬಳಿಕ ಕೂಡಿಸಬೇಕು. ಕೂಡಿಸಿದ ಮೇಲೆ ಸರಿಸಲು ಬಾರದು. ಅದರ ಆವಿಗೆ ಬೆಂಕಿ ಬೇಗನೆ ತಗಲುತ್ತದೆ. ಆದುದರಿಂದ ಆ ದಿನ ಕಿಟಕಿ, ಬಾಗಿಲು ತೆರೆದಿರಲಿ; ಒಲೆಯನ್ನಷ್ಟೇ ಅಲ್ಲ, ದೇವರ ದೀಪವನ್ನೂ ಶಾಂತಗೊಳಿಸಿರಿ.

ಅಂಟು ಎಷ್ಟೇ ಗಟ್ಟಿಯಾದರೂ ಅದು ಹಿಡಿಯುವುದು ಗೋಡೆಯ ಮೇಲ್ಪದರನ್ನು ಮಾತ್ರ. ಸಿಮೆಂಟಿನ ಗಿಲಾವು ಒಣಗಿ, ಗಟ್ಟಿಯಾಗಿ, ಸಮನಾಗಿದ್ದರೆ ಹಗುರ ಹಲಗೆಗೆ ಅಂಟು ಸಾಕು. ಆದರೆ ನಮ್ಮ ಹಳ್ಳಿಗಳ ಹಳೆಯ ಕಲ್ಲು-ಮಣ್ಣಿನ ಗೋಡೆಯ ಮೇಲೆ ವರ್ಷವರ್ಷದ ಸುಣ್ಣ ಪದರು ಪದರಾಗಿ ಕುಳಿತಿರುತ್ತದೆ. ಅಲ್ಲಿ ಅಂಟು ಸೋಲದು. ಸುಣ್ಣವೇ ಕಳಚಿ ಹಲಗೆಯ ಸಹಿತ ಬೀಳುತ್ತದೆ. ಕೆಳಗೆ ಕೂಸು ಮಲಗಿದ್ದರೆ ಗತಿಯೇನು? ಇಂಥಲ್ಲಿ ಗೋಡೆಯ ಕಲ್ಲಿಗೆ ತೂತು ಕೊರೆದು, ತಿರುಪುಮೊಳೆಯಿಂದ ಮರದ ಪಟ್ಟಿ ಬಿಗಿದು, ಅದರ ಮೇಲೆ ಹಲಗೆ ಕೂಡಿಸುವುದೇ ಲೇಸು.

ಕೆಲಸಕ್ಕೆ ಮುನ್ನ ಮೊಳದಗಲದ ಪ್ಲಾಸ್ಟಿಕ್ ಹಾಳೆಯ ನಾಲ್ಕೂ ಅಂಚುಗಳನ್ನು ಗೋಡೆಗೆ ಮೆತ್ತಿ, ಒಂದು ಹಗಲು, ಒಂದು ರಾತ್ರಿ ಬಿಡಿರಿ. ಒಳಗೆ ಹನಿ ಕಂಡರೆ ತೇವದ ಮೂಲ ಹುಡುಕಿರಿ. ಹಲಗೆಗಳನ್ನು ಎರಡು-ಮೂರು ದಿನ ಅದೇ ಕೋಣೆಯಲ್ಲಿಡಿರಿ. ಅಲ್ಲಿಯ ಹವೆ ಅವಕ್ಕೆ ಹೊಂದಬೇಕು. ಮರವು ಬೇಸಿಗೆಯಲ್ಲಿ ಕುಗ್ಗಿ ಮಳೆಗಾಲದಲ್ಲಿ ಉಬ್ಬುವುದರಿಂದ ಅಂಚಿನಲ್ಲಿ 2-3 ಮಿಲಿಮೀಟರ್ ಸಂದು ಬೇಕು. ಒಳಂಬ ಬಿಟ್ಟು ಮೊದಲ ಹಲಗೆಯನ್ನು ನೆಟ್ಟಗೆ ನಿಲ್ಲಿಸಿದರೆ ಉಳಿದವು ತಾವೇ ಸಾಲಿಗೆ ಬರುತ್ತವೆ. ಪ್ಲೈವುಡ್ ಕೊಳ್ಳುವಾಗ ಭಾರತೀಯ ಮಾನಕ 303 ಅಥವಾ 710ರ ಮುದ್ರೆ ನೋಡಿರಿ. ನೆಲದಿಂದ ನಾಲ್ಕು ಬೆರಳು ಮೇಲಕ್ಕೇ ಹಲಗೆ ನಿಲ್ಲಲಿ. ಗೆದ್ದಲಿನ ಮಣ್ಣುದಾರಿ ಏರಿದರೆ ಕಣ್ಣಿಗೆ ಬೀಳುತ್ತದೆ.

ಬಿರುಕನ್ನು ಮರೆಮಾಡಲೆಂದು ಹಲಗೆ ಹೊದಿಸಬೇಡಿರಿ. ಮುಚ್ಚಿದ ಬಿರುಕು ಬೆಳೆಯುವುದು ಯಾರಿಗೂ ಕಾಣದು. ಮೊದಲು ಗೋಡೆಯ ದುರಸ್ತಿ, ಆಮೇಲೆ ಶೋಭೆ.