ಸಲಿಕಿ ಹಿಡಿದ ಬಿರಾದಾರ

ಸುರಪುರದ ಬಸ್ ನಿಲ್ದಾಣದ ಹತ್ತಿರದ ಹೋಟೆಲಿನಲ್ಲಿ ಸುಸಲಾ–ಮಿರ್ಚಿ ಮುಂದಿಟ್ಟುಕೊಂಡು ಕೂತಿದ್ದೆ. ಪಕ್ಕದ ಬೆಂಚಿನ ಹುಡುಗರ ಮೊಬೈಲಿನಲ್ಲಿ ಹಾಸ್ಯನಟ ವೈಜನಾಥ ಬಿರಾದಾರರು ಕುಣಿಯುತ್ತಿದ್ದರು. ಹುಡುಗರಿಗೆ ನಗುವೋ ನಗು. ಸುಮ್ಮನಿರಲಾಗದೆ ನನ್ನ ಫೋನಿನಲ್ಲಿದ್ದ, ಅವರದೇ ‘ಕನಸೆಂಬೋ ಕುದುರೆಯನೇರಿ’ ಚಿತ್ರದ ಒಂದು ತುಣುಕು ತೋರಿಸಿದೆ. ಎದುರಿಗೆ ಚಹಾ ಕುಡಿಯುತ್ತಿದ್ದ ಹಿರಿಯರೂ ಬಗ್ಗಿ ನೋಡಿದರು. ಶಹಾಪುರ ಕಡೆಯ ಹಳ್ಳಿಯವರು, ಊರಲ್ಲಿ ಯಾರು ಸತ್ತರೂ ಕುಣಿ ತೋಡುವುದು ಅವರ ಕೆಲಸ. ಬಹಳ ಹೊತ್ತು ನೋಡಿ, “ಸಲಿಕಿ ಹಿಡಿಯೂದು ನೋಡ್ರಿ. ಇಂವ ಖರೇನೇ ಮಣ್ಣಾಗ ದುಡದಾನ” ಅಂದರು. ಇಂಥ ವಿಮರ್ಶೆ ನಾನು ಯಾವ ಪತ್ರಿಕೆಯಲ್ಲೂ ಓದಿಲ್ಲ!

ಆಮೇಲೆ ಚಿತ್ರವನ್ನು ಮತ್ತೆ ನೋಡಿದಾಗ ನನ್ನ ಕಣ್ಣು ಆ ಕೈಗಳ ಮೇಲೇ. ಬೆರಳು ಬಿಗಿದಿರುವುದಿಲ್ಲ, ಬೆನ್ನು ತಾನಾಗಿ ಬಾಗುತ್ತದೆ, ಕೆಲಸ ನಿಂತಾಗ ಕೈ ಏನು ಮಾಡಬೇಕೆಂದು ತಿಳಿಯದೆ ಹೆಗಲ ವಸ್ತ್ರ ಹುಡುಕುತ್ತದೆ. ಗೌಡರ ವಾಡೆಯ ಮುಂದೆ ನಿಲ್ಲುವಾಗಲಂತೂ ಅದೇ ದೇಹ ಅರ್ಧಕ್ಕೆ ಇಳಿಯುತ್ತದೆ. ಇದನ್ನು ಯಾವ ನಟನಾ ಶಾಲೆ ಕಲಿಸೀತು?

ಅಮರೇಶ ನುಗಡೋಣಿಯವರ ‘ಸವಾರಿ’ ಕಥೆಯನ್ನು ಗಿರೀಶ ಕಾಸರವಳ್ಳಿ ಈ ಚಿತ್ರವಾಗಿಸಿದ್ದು ಎಲ್ಲರಿಗೂ ಗೊತ್ತು. ಕನಸಿನಲ್ಲಿ ಸಿದ್ಧಪುರುಷ ಕಂಡರೆ ಊರಲ್ಲಿ ಒಂದು ಸಾವು ಖಚಿತವೆಂದು ನಂಬಿದ, ಕುಣಿ ತೋಡುವ ಈರ್ಯನಾಗಿ ಬಿರಾದಾರ, ಅವನ ಹೆಂಡತಿ ರುದ್ರಿಯಾಗಿ ಉಮಾಶ್ರೀ. ವಾಡೆಯವರು ಸಾವನ್ನೇ ಮುಚ್ಚಿಟ್ಟಾಗ ಈರ್ಯನಿಗೆ ಕೂಲಿ ತಪ್ಪಿದ್ದಕ್ಕಿಂತ ಕನಸು ಸುಳ್ಳಾಯಿತೆಂಬ ಸಂಕಟವೇ ದೊಡ್ಡದು. 57ನೇ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ಇದು ಅತ್ಯುತ್ತಮ ಕನ್ನಡ ಚಿತ್ರವಾಯಿತು, ಚಿತ್ರಕಥೆಗೂ ಪ್ರಶಸ್ತಿ ಬಂತು. 2011ರಲ್ಲಿ ಮ್ಯಾಡ್ರಿಡ್‌ನ ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವ ಬೀದರ್ ಜಿಲ್ಲೆಯ ಈ ನಟನನ್ನು ಅತ್ಯುತ್ತಮ ನಟನೆಂದು ಕರೆಯಿತು.

ಅಲ್ಲಿಯವರೆಗೂ, ಅದರ ನಂತರವೂ ನಮ್ಮ ಗಾಂಧಿನಗರ ಅವರಿಗೆ ಕೊಟ್ಟಿದ್ದು ಭಿಕ್ಷುಕ, ಕುಡುಕ, ಮತ್ತೆ ಭಿಕ್ಷುಕ. ಬಡಕಲು ಮೈ, ಉತ್ತರ ಕರ್ನಾಟಕದ ಮಾತು ಎರಡೂ ಸೇರಿದರೆ ನಗಬೇಕೆಂಬುದು ಅಲ್ಲಿನ ಹಳೆಯ ಲೆಕ್ಕ. ನಾಯಕನಿಂದ ಬೈಸಿಕೊಂಡು ಎರಡು ನಿಮಿಷದಲ್ಲಿ ಮರೆಯಾಗುವ ಪಾತ್ರಗಳು. 2023ರಲ್ಲಿ ನಾಯಕರಾದ ‘90 ಬಿಡಿ ಮನೀಗ್ ನಡಿ’ಯನ್ನು 500ನೇ ಚಿತ್ರವೆಂದೇ ಪ್ರಚಾರ ಮಾಡಿದರು. ಎಣಿಸಿದವರು ಯಾರೋ, ನನಗಂತೂ ಅನುಮಾನ. ಆದರೆ ಅಲ್ಲೂ ಬಾಟಲಿ ಬಿಡಲಿಲ್ಲ ನೋಡಿ.

ಬಿರಾದಾರರ ನಗೆಪಾತ್ರಗಳನ್ನು ಹಗುರ ಮಾಡುವುದು ನನ್ನ ಉದ್ದೇಶವಲ್ಲ, ಹೊಟ್ಟೆ ತುಂಬಿಸಿದ್ದು ಅವೇ. ಆದರೆ ಇಷ್ಟೆಲ್ಲ ಚಿತ್ರಗಳಲ್ಲಿ ಆ ಕೈಗಳನ್ನು ಕ್ಯಾಮೆರಾ ನೆಟ್ಟಗೆ ನೋಡಿದ್ದು ಒಮ್ಮೆ ಮಾತ್ರ ಎಂಬ ಸಿಟ್ಟು ನನಗಿದೆ.

ಯಾದಗಿರಿ, ಶಹಾಪುರ, ಸುರಪುರದ ಕಾಲೇಜುಗಳ ಕನ್ನಡ ಮೇಷ್ಟ್ರುಗಳಲ್ಲಿ ಒಂದು ಕೋರಿಕೆ: ಬೆಳಿಗ್ಗೆ ‘ಸವಾರಿ’ ಓದಿಸಿ, ಮಧ್ಯಾಹ್ನ ಚಿತ್ರ ತೋರಿಸಿ. ಊರಿನ ಕುಣಿ ತೋಡುವವರನ್ನೂ ಕರೆದು ಮುಂದಿನ ಸಾಲಿನಲ್ಲಿ ಕೂಡಿಸಿ.