ಗೊಂಬೆ ಕುಣಿಯಿತು, ಹಾಡಿದವಳು ಮರೆಯಲ್ಲೇ ಉಳಿದಳು

ನಿಡೋಣಿ: ಸಂಜೆ ವಿಜಯಪುರದ ಬಸ್ಸಿಳಿದು ಮನೆ ಸೇರುವ ಹೊತ್ತಿಗೆ ಹುಡುಗರು ಟಿ.ವಿ. ಮುಂದೆ ಕುಂತಿರುತ್ತಾರೆ. ಪರದೆ ಮೇಲೆ ಬಣ್ಣದ ಗೊಂಬೆಯೊಂದು ಕುಣಿಯುತ್ತ ಹಾಡುತ್ತಿರುತ್ತದೆ.

"ಆಯೀ, ಆ ಗೊಂಬಿ ಎಷ್ಟ ಚಂದ ಹಾಡತೈತಿ ನೋಡ!" ಎನ್ನುತ್ತಾನೆ ಮೊಮ್ಮಗ.

"ಗೊಂಬಿ ಎಲ್ಲಿ ಹಾಡತೈತೋ ಖೋಡಿ? ಹಿಂದ ಯಾರೋ ಹಾಡ್ಯಾರ" ಎನ್ನುತ್ತಾಳೆ ಆಯಿ.

ಆಯಿಯ ಮಾತು ದಿಟ. ಆದರೆ ಆ 'ಯಾರೋ' ಎಂಬುವರು ಯಾರು?

ನಮ್ಮ ಕಡೆ ಗೀಗೀ ಮೇಳದಲ್ಲಿ ಹಿಮ್ಮೇಳದವರೂ ಜನರ ಕಣ್ಣೆದುರೇ ನಿಲ್ಲುತ್ತಾರೆ. ಸಿನಿಮಾದಲ್ಲಿ ಹಾಗಿಲ್ಲ. 1982ರ 'ಚಲಿಸುವ ಮೋಡಗಳು' ಚಿತ್ರದಲ್ಲಿ ಬಾಲಕ ಪುನೀತ್ ರಾಜಕುಮಾರ್ ತಾವೇ ನಟಿಸಿ ತಾವೇ ಹಾಡಿದರು. ಆದರೆ ಎಸ್. ಜಾನಕಿಯವರು ಕೂಸಿನ ದನಿ ತೆಗೆದು ಹಾಡಿದಾಗ ತೆರೆ ಮೇಲೆ ಕಂಡದ್ದು ಬೇರೆಯವರ ಮುಖ. ಆದರೂ ರೇಡಿಯೊದವರು ಅವರ ಹೆಸರು ಹೇಳುತ್ತಿದ್ದರು. ಕಾರ್ಟೂನಿನಲ್ಲಿ ಹಾಡಿದವರಿಗೆ ಆ ಭಾಗ್ಯವೂ ಅಪರೂಪ. ಕನ್ನಡದ ಮಕ್ಕಳಿಗೆಂದೇ ಚಿಂಟು ಟಿ.ವಿ. ಶುರುವಾದದ್ದು 2009ರಲ್ಲಿ. ಅದರ ಹಾಡು ಕೇಳಿ ಬೆಳೆದ ಹುಡುಗರನ್ನು ಹಾಡಿದವರ ಹೆಸರು ಕೇಳಿ ನೋಡಿ!

ಈ ದನಿ-ಮುಖದ ತಕರಾರು ಅಮೆರಿಕದಲ್ಲಿ ಅದಕ್ಕೂ ಸುಮಾರು 40 ವರ್ಷ ಮೊದಲೇ ಎದ್ದಿತ್ತು. ಅದು ಪ್ಯಾಟ್ರಿಸ್ ಹಾಲೊವೇ ಎಂಬಾಕೆಯ ಕತೆ.

ಅಕ್ಕ-ತಂಗಿಯರ ಹಾಡು

1951ರಲ್ಲಿ ಹುಟ್ಟಿದ ಪ್ಯಾಟ್ರಿಸ್, ಲಾಸ್ ಏಂಜಲೀಸ್‌ನ ಕಪ್ಪು ಜನಾಂಗದ ಹೆಣ್ಣುಮಗಳು. ಅವರ ಹಾಡಿಕೆಗೆ 'ಸೋಲ್' ಎಂದು ಹೆಸರು. ಚರ್ಚಿನ ಭಜನೆಯ ಆವೇಶವೂ ಬಾಳಿನ ನೋವೂ ಕೂಡಿ ಹುಟ್ಟಿದ ಪದ್ಧತಿ ಅದು. ಅಕ್ಕ ಬ್ರೆಂಡಾ ಆಗಲೇ ಹೆಸರಾಂತ ಮೋಟೌನ್ ಕಂಪನಿಯ ಗಾಯಕಿ. ತಂಗಿಯೂ ಚಿಕ್ಕಂದಿನಲ್ಲೇ ರೆಕಾರ್ಡಿಗೆ ಹಾಡಿದಳು. ಅಕ್ಕ-ತಂಗಿ ಇನ್ನಿಬ್ಬರೊಡನೆ ಸೇರಿ ಕಟ್ಟಿದ ಒಂದು ಹಾಡನ್ನು 1967ರಲ್ಲಿ ಬ್ರೆಂಡಾ ಹಾಡಿದಳು. 1969ರಲ್ಲಿ ಬೇರೊಂದು ತಂಡ ಅದನ್ನೇ ಹಾಡಿದಾಗ ಅಮೆರಿಕದ ಪಟ್ಟಿಯಲ್ಲಿ 2ನೇ ಸ್ಥಾನಕ್ಕೆ ಏರಿತು. ಪ್ಯಾಟ್ರಿಸ್ ಹೆಸರಿನ ರೆಕಾರ್ಡುಗಳಿಗೆ ಮಾತ್ರ ಅಂಥ ಗಿರಾಕಿ ಸಿಗಲಿಲ್ಲ. ಜೋ ಕಾಕರ್‌ನಂಥವರ ಹಾಡಿಗೆ ಹಿಮ್ಮೇಳ ಹಾಡಿದಳು.

"ದನಿ ಬೇಕು, ಬಣ್ಣ ಬ್ಯಾಡ"

1970ರಲ್ಲಿ ಹ್ಯಾನಾ-ಬಾರ್ಬೆರಾ ಕಂಪನಿ 'ಜೋಸಿ ಅಂಡ್ ದಿ ಪುಸ್ಸಿಕ್ಯಾಟ್ಸ್' ಎಂಬ ಕಾರ್ಟೂನ್ ಸರಣಿ ತಯಾರಿಸಿತು. ಹಾಡುವ ಮೂವರು ಹುಡುಗಿಯರ ಕತೆ. ಸಂಗೀತದ ಹೊಣೆ ಹೊತ್ತ ಡ್ಯಾನಿ ಜಾನ್ಸೆನ್ ಮೂವರು ಗಾಯಕಿಯರನ್ನು ಆರಿಸಿದ. ಅವರಲ್ಲಿ ಒಬ್ಬಳು ಪ್ಯಾಟ್ರಿಸ್.

ಇಲ್ಲೇ ಗದ್ದಲ ಎದ್ದಿತು. ಗೊಂಬೆಗಳು ಮೂರೂ ಬಿಳಿಯ ಹುಡುಗಿಯರೇ ಆಗಲಿ, ಪ್ಯಾಟ್ರಿಸ್ ಬದಲು ಬೇರೊಬ್ಬಳನ್ನು ತನ್ನಿ ಎಂದು ಕಂಪನಿಯವರು ಪಟ್ಟು ಹಿಡಿದರು. ಜಾನ್ಸೆನ್ ಒಪ್ಪಲಿಲ್ಲ. ಅವಳಿಲ್ಲದಿದ್ದರೆ ಕೆಲಸವೇ ಬೇಡ ಎಂದುಬಿಟ್ಟ. ಮುಂದೆ ಅವನೇ ಹೇಳಿದ ಪ್ರಕಾರ, ಸುಮಾರು ಮೂರು ವಾರ ಈ ಹಗ್ಗಜಗ್ಗಾಟ ನಡೆಯಿತು. ಕೊನೆಗೆ ಕಂಪನಿಯೇ ಮಣಿಯಿತು. ಗಾಯಕಿ ಬದಲಾಗಲಿಲ್ಲ, ಗೊಂಬೆಯ ಬಣ್ಣ ಬದಲಾಯಿತು!

ಹೀಗೆ ವ್ಯಾಲೆರಿ ಎಂಬ ಕಪ್ಪು ಹುಡುಗಿಯ ಪಾತ್ರ 1970ರ ಸೆಪ್ಟೆಂಬರಿನಲ್ಲಿ ಟಿ.ವಿ.ಗೆ ಬಂತು. ಅಮೆರಿಕದ ಶನಿವಾರ ಬೆಳಗಿನ ಕಾರ್ಟೂನುಗಳಲ್ಲಿ ಕಪ್ಪು ಹೆಣ್ಣುಮಗಳೊಬ್ಬಳು ಖಾಯಂ ಪಾತ್ರವಾದದ್ದು ಅದೇ ಮೊದಲು ಎನ್ನುತ್ತಾರೆ. ಅಲ್ಲಿಯವರೆಗೆ ತಮ್ಮಂಥ ಮುಖ ಕಾಣದ ಲಕ್ಷಾಂತರ ಹುಡುಗಿಯರು ಅಂದು ಟಿ.ವಿ.ಯಲ್ಲಿ ತಮ್ಮವಳನ್ನು ಕಂಡರು.

ಹೆಸರಿನ ಲೆಕ್ಕ

ತಮಾಷೆ ಎಂದರೆ, ವ್ಯಾಲೆರಿಯ ಮಾತಿಗೆ ದನಿ ಕೊಟ್ಟವಳು ಬೇರೊಬ್ಬಳು. ಪ್ಯಾಟ್ರಿಸ್‌ಳದು ಹಾಡು ಮಾತ್ರ. ಜೊತೆಗೆ ಹಾಡಿದ ಮೂವರಲ್ಲಿ ಒಬ್ಬಳು ಮುಂದೆ ಶೆರಿಲ್ ಲ್ಯಾಡ್ ಎಂಬ ಹೆಸರಿನಿಂದ ದೊಡ್ಡ ತಾರೆಯಾದಳು. ಪ್ಯಾಟ್ರಿಸ್ 2006ರಲ್ಲಿ, 55ರ ವಯಸ್ಸಿನಲ್ಲಿ ತೀರಿಕೊಂಡಳು. ಅವಳು ಹಾಡಿದ ಕಾರ್ಟೂನ್ ಬಲ್ಲವರು ಬಹಳ, ಅವಳ ಹೆಸರು ಬಲ್ಲವರು ಕಡಿಮೆ.

ದನಿಗೆ ಕೂಲಿ ಕೊಟ್ಟರೆ ಲೆಕ್ಕ ಚುಕ್ತಾ ಆಯಿತೇ? ಅಂಗಡಿ ನಡೆಸುವವರಿಗೆ ಗೊತ್ತು, ಬೋರ್ಡಿನ ಮೇಲಿನ ಹೆಸರಿಗೂ ಒಂದು ಬೆಲೆ ಇದೆ. ಇನ್ನೊಮ್ಮೆ ಮೊಮ್ಮಗ "ಯಾರ್ ಹಾಡ್ಯಾರ?" ಎಂದು ಕೇಳಿದರೆ, "ಯಾರೋ" ಎಂದು ತೇಲಿಸಿಬಿಡದೆ, ಕೊನೆಗೆ ಪರದೆ ಮೇಲೆ ಓಡುವ ಹೆಸರುಗಳನ್ನು ಅವನ ಕೈಲೇ ಓದಿಸಬಾರದೇಕೆ?